ಪಠ್ಯವಾದ ಕಾದಂಬರಿಗಳೂ ಅವುಗಳ ಗಣಕಪ್ರತಿಗಳೂ

ಗ್ರಂಥವೊಂದರ ಪ್ರತಿ ಮಾಡಿಸಿ ಹಂಚುವದನ್ನು ಕನ್ನಡ ನಾಡು ಬಹು ಹಿಂದಿನಿಂದಲೂ ದಾನಗಳ ಸಾಲಿನಲ್ಲಿ ಎಣಿಸಿದೆ. ಹತ್ತನೆಯ ಶತಮಾನದಲ್ಲಿ ದಾನಚಿಂತಾಮಣಿ ಅತ್ತಿಮಬ್ಬೆಯು ಪೊನ್ನ ಕವಿಯ ಶಾಂತಿಪುರಾಣಕ್ಕೆ ಸಾವಿರ ಪ್ರತಿಗಳನ್ನು ಬರೆಯಿಸಿ ಹಂಚಿದ ಸಂಗತಿಯನ್ನು ಸಾಹಿತ್ಯಚರಿತ್ರೆಯ ವಿದ್ಯಾರ್ಥಿಗಳೆಲ್ಲರೂ ಬಲ್ಲರು. ಓಲೆಗರಿಯ ಮೇಲೆ ಕಂಟದಿಂದ ಅಕ್ಷರ ಕೊರೆದು, ಮಸಿ ಸವರಿ, ದಾರ ಪೋಣಿಸಿ, ಹಲಗೆ ಕಟ್ಟಿ ಒಂದು ಪ್ರತಿಯನ್ನು ಸಿದ್ಧಪಡಿಸುವದಕ್ಕೆ ಲಿಪಿಕಾರನ ದಿನಗಳೆಷ್ಟು ಸವೆಯುತ್ತಿದ್ದವೆಂಬದನ್ನು ನೆನೆದರೆ ಆ ಸಾವಿರದ ತೂಕ ತಿಳಿಯುತ್ತದೆ. ಇಂದು ಹತ್ತನೆಯ ಇಯತ್ತೆಯ ಹುಡುಗನೊಬ್ಬನು ತನ್ನ ಕೈಯಲ್ಲಿಯ ಫೋನಿನಿಂದ ಒಂದು ಕಾದಂಬರಿಯನ್ನು ಇನ್ನೂರು ಮಂದಿಗೆ ಕ್ಷಣಾರ್ಧದಲ್ಲಿ ಕಳುಹಬಲ್ಲನು. ಪ್ರತಿ ಮಾಡುವ ಶ್ರಮವು ಇಲ್ಲವಾಯಿತು. ಆದರೆ ಆ ಶ್ರಮದೊಂದಿಗೆ ಲಿಪಿಕಾರನಿಗಿದ್ದ ಎರಡು ಎಚ್ಚರಗಳೂ ಹೋಗುವಂತೆ ಕಾಣುತ್ತವೆ: ತಾನು ಯಾವ ಮಾತೃಕೆಯಿಂದ ಎತ್ತಿ ಬರೆಯುತ್ತಿದ್ದೇನೆ ಎಂಬದೊಂದು, ಯಾರ ಅನುಮತಿಯಿಂದ ಎಂಬದು ಇನ್ನೊಂದು. ಪಠ್ಯವಾದ ಕಾದಂಬರಿಗಳ ವಿಷಯದಲ್ಲಿ ಈ ಎರಡನ್ನೂ ಮತ್ತೆ ವಿಚಾರಿಸಬೇಕಾದ ಕಾಲ ಬಂದಿದೆ.

ಮೊದಲು ಕೊರತೆಯ ಮಾತು. ಕೊಕಟನೂರು ಅಥಣಿ ತಾಲೂಕಿನ ಊರು. ಯಲ್ಲಮ್ಮನ ಜಾತ್ರೆಯಿಂದ ಸುತ್ತಣ ಸೀಮೆಗೆಲ್ಲ ಪರಿಚಿತವಾದದ್ದು. ಇಂಥ ಊರಿನ ಅಂಗಡಿಯಲ್ಲಿ ನೋಟುಬುಕ್ಕು, ಪೆನ್ನು, ಪರೀಕ್ಷೆಯ ಗೈಡುಗಳು ಸಿಗುತ್ತವೆ. ಕಾದಂಬರಿ ಸಿಗುವದು ದುರ್ಲಭ. ಅಥಣಿಯಲ್ಲಿ ವಿಚಾರಿಸಬೇಕು, ಅಲ್ಲಿ ಇಲ್ಲವಾದರೆ ವಿಜಯಪುರಕ್ಕೋ ಬೆಳಗಾವಿಗೋ ಹೋಗುವವರ ಕೈಯಲ್ಲಿ ಹೇಳಿ ಕಳುಹಬೇಕು. ದಾರಿಯ ಲೆಕ್ಕದಲ್ಲಿ ಮಿರಜ, ಸಾಂಗಲಿಗಳು ದೂರವಲ್ಲ; ಆದರೆ ಅಲ್ಲಿಯ ಪುಸ್ತಕದಂಗಡಿಗಳು ಮರಾಠಿಯವು. ಗಡಿಯಾಚೆ ಜತ್ತ, ಅಕ್ಕಲಕೋಟ ತಾಲೂಕುಗಳ ಕನ್ನಡ ಶಾಲೆಗಳ ಮಕ್ಕಳ ಪಾಡು ಇದಕ್ಕಿಂತ ಕಷ್ಟದ್ದು.

ಸರ್ಕಾರವು ಸಿದ್ಧಪಡಿಸುವ ಪಠ್ಯಪುಸ್ತಕಗಳಿಗೆ ಈ ತೊಂದರೆಯಿಲ್ಲ. ಕರ್ನಾಟಕ ಪಠ್ಯಪುಸ್ತಕ ಸಂಘವು ಅವುಗಳನ್ನು ತನ್ನ ಜಾಲತಾಣದಲ್ಲಿ ಬೆಲೆಯಿಲ್ಲದೆ ಇಡುತ್ತದೆ. ಪೂರ್ಣಚಂದ್ರ ತೇಜಸ್ವಿಯವರ ‘ಕೃಷ್ಣೇಗೌಡನ ಆನೆ’ ಪದವಿಪೂರ್ವ ತರಗತಿಗೆ ಪಠ್ಯವಾದಾಗ ಪಠ್ಯಪುಸ್ತಕದೊಳಗೇ ಸೇರಿಕೊಂಡು ಬಂದಿತಾದ್ದರಿಂದ ಅದನ್ನು ಹುಡುಕಿಕೊಂಡು ಹೋಗುವ ಪ್ರಸಂಗ ಬರಲಿಲ್ಲ. ತೊಂದರೆ ಇರುವದು ಬೇರೆ ಪುಸ್ತಕವಾಗಿ ಕೊಳ್ಳಬೇಕಾದ ಕಾದಂಬರಿಯಲ್ಲಿ: ಪದವಿ ತರಗತಿಗಳ ಉಪಪಠ್ಯದಲ್ಲಿ, ಪಾಠದ ಕೊನೆಗೆ ‘ಪೂರಕ ಓದು’ ಎಂದು ಸೂಚಿಸಿದ ಕೃತಿಗಳಲ್ಲಿ, ರಜೆಯಲ್ಲಿ ಓದಿ ಬರಲು ಅಧ್ಯಾಪಕರು ಹೇಳಿದ ಗ್ರಂಥಗಳಲ್ಲಿ. ಪುಸ್ತಕವು ಕೈಗೆ ಬಾರದಾಗ ವಿದ್ಯಾರ್ಥಿಯು ಸುಮ್ಮನೆ ಕೂಡುವದಿಲ್ಲ. ಅದರ ಸಾರಾಂಶವನ್ನು ಓದುತ್ತಾನೆ. ಮೂರು ಪುಟದ ಸಾರಾಂಶ, ಐದು ಪಾತ್ರಗಳ ಚಿತ್ರಣ, ಹತ್ತು ಸಂಭಾವ್ಯ ಪ್ರಶ್ನೆಗಳು. ಪರೀಕ್ಷೆಯಲ್ಲಿ ಉತ್ತೀರ್ಣನೂ ಆಗುತ್ತಾನೆ. ‘ಚೋಮನ ದುಡಿ’ಯ ಮೇಲೆ ಎಂಟು ಅಂಕದ ಉತ್ತರ ಬರೆದು ಆ ಕೃತಿಯ ಒಂದು ವಾಕ್ಯವನ್ನೂ ಓದದೆ ಹೊರಗೆ ಬಂದವರು ಪದವೀಧರರಲ್ಲಿ ವಿರಳರಲ್ಲ. ಕನ್ನಡ ಬೋಧಿಸುವವರಿಗೆ ಇದಕ್ಕಿಂತ ದೊಡ್ಡ ಸೋಲು ಯಾವದು?

ಆದ್ದರಿಂದ ಗಣಕಪ್ರತಿಯನ್ನು, ಎಂದರೆ ಪುಟಗಳನ್ನು ಸ್ಕ್ಯಾನ್ ಮಾಡಿ ಒಂದು ಕಡತವಾಗಿ ಕಟ್ಟಿದ ಡಿಜಿಟಲ್ ಪ್ರತಿಯನ್ನು, ಹೀಗಳೆಯುವದು ಸಲ್ಲ. ಪುಸ್ತಕವಿಲ್ಲದ ಊರಿಗೆ ಪುಸ್ತಕ ಬರುವ ದಾರಿ ಅದು. ಹಿರಿಯ ಅಧ್ಯಾಪಕರಲ್ಲಿ ಕೆಲವರು ಫೋನೆಂದರೆ ಮುಖ ಸಿಂಡರಿಸುತ್ತಾರೆ. ಕಾಗದ ಬಂದಾಗ ಓಲೆಯವರೂ ಹಾಗೆಯೇ ಸಿಂಡರಿಸಿದ್ದಿರಬೇಕು.

ಎಲ್ಲಿ ಹುಡುಕಬೇಕೆಂಬದು ಮುಂದಿನ ಪ್ರಶ್ನೆ. ಈ ಶತಮಾನದ ಮೊದಲ ದಶಕದಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯೂ ಸೇರಿದಂತೆ ದೇಶದ ಹಲವು ಕೇಂದ್ರಗಳು ಕೂಡಿ ‘ಡಿಜಿಟಲ್ ಲೈಬ್ರರಿ ಆಫ್ ಇಂಡಿಯಾ’ ಎಂಬ ಯೋಜನೆಯಲ್ಲಿ ಹಳೆಯ ಗ್ರಂಥಾಲಯಗಳ ಲಕ್ಷಾಂತರ ಪುಸ್ತಕಗಳನ್ನು ಸ್ಕ್ಯಾನ್ ಮಾಡಿದವು; ಅವುಗಳಲ್ಲಿ ಕನ್ನಡದ ಪುಸ್ತಕಗಳು ಸಾವಿರಗಟ್ಟಲೆ ಇದ್ದವು. ಆ ತಾಣವು ಮುಂದೆ ನಿಂತುಹೋಯಿತಾದರೂ ಅದರ ಬಹುಭಾಗ ಪುಸ್ತಕಗಳು ಅಮೇರಿಕೆಯ ‘ಇಂಟರ್‌ನೆಟ್ ಆರ್ಕೈವ್’ ಎಂಬ ಉಚಿತ ಗ್ರಂಥಾಗಾರದಲ್ಲಿ ಉಳಿದುಕೊಂಡಿವೆ. ೧೯೯೬ರಲ್ಲಿ ಆರಂಭವಾದ ಈ ಗ್ರಂಥಾಗಾರಕ್ಕೆ ‘ಸರ್ವೆಂಟ್ಸ್ ಆಫ್ ನಾಲೆಜ್’ ಎಂಬ ಹೆಸರಿನಲ್ಲಿ ಬೆಂಗಳೂರಿನ ಸ್ವಯಂಸೇವಕರು ಇಂದಿಗೂ ಕನ್ನಡ ಪುಸ್ತಕಗಳನ್ನು ಒಳ್ಳೆಯ ಯಂತ್ರಗಳಿಂದ ಸ್ಕ್ಯಾನ್ ಮಾಡಿ ಸೇರಿಸುತ್ತಿದ್ದಾರೆ. ಮೈಸೂರಿನ ಭಾರತೀಯ ಭಾಷೆಗಳ ಸಂಸ್ಥಾನದ ‘ಭಾರತವಾಣಿ’ ೨೦೧೬ರಿಂದ ಇದೆ. ರಾಜ್ಯದ ಗ್ರಂಥಾಲಯ ಇಲಾಖೆಯು ೨೦೨೦ರಲ್ಲಿ ಡಿಜಿಟಲ್ ಸಾರ್ವಜನಿಕ ಗ್ರಂಥಾಲಯವನ್ನು ತೆರೆಯಿತು. ಕನ್ನಡ ವಿಕಿಸೋರ್ಸಿನಲ್ಲಿ ಹಕ್ಕುಮುಕ್ತವಾದ ಕೃತಿಗಳು ಅಕ್ಷರರೂಪದಲ್ಲಿಯೇ ದೊರೆಯುತ್ತವೆ.

ಇಷ್ಟೆಲ್ಲ ಇದ್ದರೂ ಹುಡುಕಿದವರಿಗೆ ಪುಸ್ತಕ ಸಿಗುವದಿಲ್ಲವೆಂಬ ದೂರು ಕೇಳಿಬರುತ್ತದೆ. ದೂರಿನಲ್ಲಿ ಸತ್ಯವಿದೆ, ಮತ್ತು ಅದರ ಮೂಲ ವರ್ಣಮಾಲೆಯಲ್ಲಿದೆ. ಡಿಜಿಟಲ್ ಲೈಬ್ರರಿಯ ಯೋಜನೆಯಲ್ಲಿ ಪುಸ್ತಕಗಳ ಹೆಸರುಗಳನ್ನು ಕನ್ನಡ ಲಿಪಿಯಲ್ಲಿ ಬರೆಯದೆ ರೋಮನ್ ಅಕ್ಷರಗಳಲ್ಲಿ ಬರೆದರು. ಬರೆದವರು ಒಬ್ಬರಲ್ಲ, ಒಬ್ಬೊಬ್ಬರ ಕೈಯಲ್ಲಿ ಒಂದೊಂದು ಪದ್ಧತಿ. ಒಬ್ಬನಿಗೆ ದೀರ್ಘಸ್ವರಕ್ಕೆ ಅಕ್ಷರವನ್ನು ಎರಡು ಸಲ ಬರೆಯುವದು ರೂಢಿ, ಮತ್ತೊಬ್ಬನು ಹ್ರಸ್ವದೀರ್ಘಗಳ ಭೇದವನ್ನೇ ಬಿಟ್ಟನು. ಣಕಾರ ನಕಾರಗಳು ಒಂದಾದವು, ಳಕಾರ ಲಕಾರಗಳು ಒಂದಾದವು. ಕೆಲವು ಕಡೆ ಮಹಾಪ್ರಾಣಗಳೇ ಹೋದವು. ಗಳಗನಾಥರು ಗಲಗನಾತರಾದರೆ ಗಳಗನಾಥರೆಂದು ಹುಡುಕುವ ಬಡವಿದ್ಯಾರ್ಥಿಗೆ ಅವರು ಸಿಗುವದು ಹೇಗೆ? ಶಿಥಿಲದ್ವಿತ್ವ, ರಳಕುಳಕ್ಷಳಗಳನ್ನು ಪಾಠ ಹೇಳುವಾಗ ‘ಇದರ ಉಪಯೋಗವೇನು’ ಎಂದು ಕೇಳುವ ವಿದ್ಯಾರ್ಥಿಗೆ ಒಂದು ಉತ್ತರ ಇಲ್ಲಿದೆ. ಸಂಚಯ ಬಳಗದ ಉತ್ಸಾಹಿಗಳು ಈ ಕಷ್ಟವನ್ನು ಕಂಡು, ಹಲವರ ಸಹಾಯದಿಂದ ಆ ಹೆಸರುಗಳನ್ನು ಮರಳಿ ಕನ್ನಡ ಲಿಪಿಗೆ ತರುವ ಕೆಲಸವನ್ನು ಕೈಕೊಂಡರು. ಅದು ಹೆಸರಿಲ್ಲದ ಕಾಯಕ. ಆದರೆ ನೂರಾರು ಪುಸ್ತಕಗಳಿಗೆ ಪುನರ್ಜನ್ಮ ಕೊಟ್ಟದ್ದು.

ಹುಡುಕುವವರು ಇನ್ನೂ ಒಂದನ್ನು ನೆನಪಿನಲ್ಲಿಡಬೇಕು. ಗ್ರಂಥದ ಹೆಸರೇ ಬದಲಾಗಿರಬಹುದು. ಕುವೆಂಪು ಅವರ ಕಾದಂಬರಿಯು ೧೯೩೬ರಲ್ಲಿ ಮೊದಲು ಅಚ್ಚಾದಾಗ ‘ಕಾನೂರು ಸುಬ್ಬಮ್ಮ ಹೆಗ್ಗಡಿತಿ’ ಎಂದಿದ್ದುದು ಮುಂದೆ ‘ಕಾನೂರು ಹೆಗ್ಗಡಿತಿ’ಯಾಯಿತು. ಲೇಖಕರ ಹೆಸರಿಗೂ ಇದೇ ಮಾತು: ಕಾವ್ಯನಾಮದಿಂದ ಹುಡುಕಿದಾಗ ಸಿಗದ ಕೃತಿ ನಿಜನಾಮದಿಂದ ಸಿಗುತ್ತದೆ. ಗಳಗನಾಥರು ವೆಂಕಟೇಶ ತಿರಕೋ ಕುಲಕರ್ಣಿಯವರೂ ಹೌದು.

ಸಿಕ್ಕಿತೆಂದು ಸಂತೋಷಪಡುವ ಮೊದಲು, ಸಿಕ್ಕಿದ್ದು ಏನೆಂದು ನೋಡಬೇಕು. ಗ್ರಂಥಸಂಪಾದನೆಯ ಶಾಸ್ತ್ರವನ್ನು ಓದಿದವರಿಗೆ ಇದು ಹೊಸದಲ್ಲ. ವಾಟ್ಸ್ಯಾಪ್ ಗುಂಪುಗಳಲ್ಲಿ, ಟೆಲಿಗ್ರಾಂ ಕೂಟಗಳಲ್ಲಿ ಕೈಯಿಂದ ಕೈಗೆ ಹರಿದಾಡುವ ಕಡತಗಳನ್ನು ತೆರೆದು ನೋಡಿದರೆ, ಹಲವಕ್ಕೆ ಮುಖಪುಟವಿಲ್ಲ. ಮುದ್ರಣದ ವರ್ಷವಿರುವ ಪುಟವನ್ನು ಯಾರೋ ಅನಾವಶ್ಯಕವೆಂದು ಬಿಟ್ಟಿದ್ದಾರೆ. ಎಡಪುಟದ ಒಳಅಂಚು ನೆರಳಿನಲ್ಲಿ ಮುಚ್ಚಿ ಪ್ರತಿ ಸಾಲಿನ ಕೊನೆಯ ಎರಡಕ್ಷರ ನುಂಗಿಹೋಗಿವೆ. ಎರಡು ಪುಟ ಒಮ್ಮೆಲೇ ಹೊರಳಿದ್ದರಿಂದ ಕಥೆಯ ನಡುವೆ ಹಳ್ಳ ಬಿದ್ದಿದೆ. ಇವು ಕಣ್ಣಿಗೆ ಕಾಣುವ ದೋಷಗಳು. ಕಾಣದ ದೋಷ ಇನ್ನೊಂದಿದೆ: ವಿದ್ಯಾರ್ಥಿಗಳಿಗೆಂದು ಸಂಕ್ಷೇಪಿಸಿದ ಆವೃತ್ತಿಯು ಪೂರ್ಣಕೃತಿಯೆಂಬ ಹೆಸರಿನಿಂದ ತಿರುಗಾಡುವದು. ಮುಖಪುಟವಿಲ್ಲದ ಪ್ರತಿಯಲ್ಲಿ ಇದನ್ನು ಗುರುತಿಸುವ ಉಪಾಯವೇ ಇಲ್ಲ. ನಾಲ್ಕುನೂರು ಪುಟದ ಕಾದಂಬರಿಯ ನೂರೈವತ್ತು ಪುಟದ ಸಂಗ್ರಹವನ್ನು ಓದಿದವನು ತಾನು ಕಾದಂಬರಿಯನ್ನೇ ಓದಿದೆನೆಂದು ಜೀವಮಾನವಿಡೀ ನಂಬಿರುತ್ತಾನೆ.

ಯಂತ್ರವು ಚಿತ್ರವನ್ನು ಓದಿ ಅಕ್ಷರವನ್ನಾಗಿ ತಿರುಗಿಸಿದ ಪ್ರತಿಗಳಲ್ಲಿ ಕನ್ನಡಕ್ಕೇ ವಿಶಿಷ್ಟವಾದ ಅಪಪಾಠಗಳು ಹುಟ್ಟುತ್ತವೆ. ಹಳೆಯ ಅಚ್ಚಿನಲ್ಲಿ ಪಕಾರ, ವಕಾರ, ಷಕಾರಗಳ ನಡುವೆ ಇರುವದು ಒಂದು ಗೆರೆಯ ಅಂತರ. ಮಸಿ ಹರಡಿದರೆ ಅದೂ ಇಲ್ಲ. ಅನುಸ್ವಾರಕ್ಕೂ ಕನ್ನಡದ ಸೊನ್ನೆಗೂ ಆಕಾರಭೇದವಿಲ್ಲ. ಎಲ್ಲಕ್ಕೂ ವಿಚಿತ್ರವಾದದ್ದು ಅರ್ಕಾವೊತ್ತು: ಅದರ ರೂಪವೂ ಒಂಬತ್ತರ ಅಂಕಿಯ ರೂಪವೂ ಒಂದೇ. ಆದುದರಿಂದ ‘ಧರ್ಮ’ವು ಯಂತ್ರದ ಕಣ್ಣಿಗೆ ‘ಧಮ೯’ ಆಗುತ್ತದೆ. ಓದುವ ಮನುಷ್ಯನು ಇದನ್ನು ತಿದ್ದಿಕೊಂಡು ಓದಬಲ್ಲನು. ಆದರೆ ಆ ಪದವನ್ನು ಹುಡುಕುವ ಯಂತ್ರಕ್ಕೆ ಧರ್ಮವೇ ಸಿಗುವದಿಲ್ಲ. ಇನ್ನು ನುಡಿ, ಬರಹ, ಶ್ರೀಲಿಪಿ ಮುಂತಾದ ಹಳೆಯ ಅಕ್ಷರವಿನ್ಯಾಸಗಳಲ್ಲಿ ಜೋಡಿಸಿದ ಪುಸ್ತಕಗಳು ಕಣ್ಣಿಗೆ ಚೆನ್ನಾಗಿಯೇ ಕಾಣುತ್ತವೆ. ಒಂದು ವಾಕ್ಯವನ್ನು ಎತ್ತಿ ಬೇರೆಡೆ ಇಟ್ಟೊಡನೆ ಅರ್ಥವಿಲ್ಲದ ರೋಮನ್ ಚಿಹ್ನೆಗಳ ರಾಶಿಯಾಗುತ್ತವೆ. ಯೂನಿಕೋಡ್ ಎಂಬ ಸರ್ವಸಮ್ಮತ ಸಂಕೇತಕ್ರಮದಲ್ಲಿರುವ ಪ್ರತಿಗೆ ಮಾತ್ರ ಈ ದೋಷವಿಲ್ಲ. ಇದು ಕೇವಲ ಸೌಕರ್ಯದ ಮಾತಲ್ಲ. ಕಣ್ಣಿಲ್ಲದ ವಿದ್ಯಾರ್ಥಿಗೆ ಪುಸ್ತಕವನ್ನು ಓದಿ ಹೇಳುವ ತಂತ್ರಾಂಶವು ಯೂನಿಕೋಡಿನ ಅಕ್ಷರವನ್ನು ಉಚ್ಚರಿಸುತ್ತದೆ, ಪುಟದ ಚಿತ್ರದ ಮುಂದೆ ಮೌನವಾಗುತ್ತದೆ. ತರಗತಿಯಲ್ಲಿ ಅಂಥ ವಿದ್ಯಾರ್ಥಿ ಒಬ್ಬನೇ ಇದ್ದರೂ ಅವನ ಪಾಲಿಗೆ ನೂರು ಸ್ಕ್ಯಾನ್ ಪ್ರತಿಗಳು ನೂರು ಖಾಲಿ ಹಾಳೆಗಳು.

ಈ ಸೀಮೆಯಲ್ಲಿ ಇಂಥ ಕೆಲಸಕ್ಕೆ ಮೇಲ್ಪಂಕ್ತಿ ಇದೆ. ಫ. ಗು. ಹಳಕಟ್ಟಿಯವರು ವಿಜಯಪುರದಲ್ಲಿ ವಕೀಲಿ ಮಾಡುತ್ತ, ಮಠಗಳಲ್ಲಿ, ಮನೆಗಳಲ್ಲಿ ಕಟ್ಟಿಟ್ಟ ಓಲೆಯ ಕಟ್ಟುಗಳನ್ನು ಹುಡುಕಿ, ಬೇಡಿ, ತಂದು, ಪ್ರತಿಯೊಂದಿಗೆ ಪ್ರತಿಯನ್ನು ಹೋಲಿಸಿ ವಚನಗಳನ್ನು ಸಂಪಾದಿಸಿದರು. ‘ವಚನಶಾಸ್ತ್ರಸಾರ’ದ ಮೊದಲ ಭಾಗವು ೧೯೨೩ರಲ್ಲಿ ಬೆಳಗಾವಿಯಲ್ಲಿ ಅಚ್ಚಾಯಿತು. ೧೯೨೫ರಲ್ಲಿ ಅವರು ಇದ್ದ ಮನೆಯನ್ನು ಮಾರಿ ಹಿತಚಿಂತಕ ಮುದ್ರಣಾಲಯವನ್ನು ಸ್ಥಾಪಿಸಿದರು. ಮರುವರ್ಷ ‘ಶಿವಾನುಭವ’ ಪತ್ರಿಕೆ ಹೊರಟಿತು. ಅವರು ವಚನಗಳನ್ನು ಹಂಚಿದ್ದಷ್ಟೇ ಅಲ್ಲ, ಹಂಚುವ ಮೊದಲು ಹೋಲಿಸಿದರೆಂಬದನ್ನು ಇಲ್ಲಿ ಒತ್ತಿ ಹೇಳಬೇಕು. ಹೋಲಿಸದೆ ಹಂಚಿದ್ದರೆ ಇಂದು ವಚನವೆಂದು ಓದುವ ಮಾತುಗಳಲ್ಲಿ ಲಿಪಿಕಾರರ ತಪ್ಪುಗಳೆಷ್ಟಿರುತ್ತಿದ್ದವೋ!

ಈಗ ಎರಡನೆಯ ಎಚ್ಚರ, ಅನುಮತಿಯದು. ಇದರಲ್ಲಿ ಅಧ್ಯಾಪಕರಲ್ಲಿಯೂ ತಪ್ಪು ತಿಳಿವಳಿಕೆಗಳಿವೆ. ‘ಶಾಲೆಗಾಗಿ ಮಾಡಿದರೆ ಎಲ್ಲವೂ ನಡೆಯುತ್ತದೆ’ ಎಂಬದು ಒಂದು ತುದಿ. ‘ಪ್ರತಿ ಮಾಡುವದೇ ಅಪರಾಧ’ ಎಂಬದು ಇನ್ನೊಂದು. ಎರಡೂ ಸರಿಯಲ್ಲ.

ಭಾರತದ ಗ್ರಂಥಸ್ವಾಮ್ಯ ಕಾಯಿದೆ ೧೯೫೭ರದು. ಲೇಖಕನ ಜೀವಿತಕಾಲ, ಅವನು ತೀರಿದ ಮೇಲೆ ೫೦ ವರ್ಷ ಎಂದು ಅದರಲ್ಲಿ ಮೊದಲು ಇತ್ತು. ೧೯೪೧ರಲ್ಲಿ ತೀರಿಕೊಂಡ ರವೀಂದ್ರನಾಥ ಠಾಕೂರರ ಕೃತಿಗಳ ಹಕ್ಕು ೧೯೯೧ರ ಕೊನೆಗೆ ಮುಗಿಯುವ ಹೊತ್ತಿಗೆ ಸರಿಯಾಗಿ ಅದನ್ನು ೬೦ ವರ್ಷಕ್ಕೆ ಏರಿಸಿದರು. ಎಣಿಕೆಯು ಮರಣದ ಮರುವರ್ಷದ ಜನವರಿಯಿಂದ. ಆದ್ದರಿಂದ ಅಧ್ಯಾಪಕನಾದವನು ತಿಳಿಯಬೇಕಾದದ್ದು ಪುಸ್ತಕವು ಹಳೆಯದೋ ಹೊಸದೋ ಎಂಬದಲ್ಲ, ಅದರ ಲೇಖಕರು ತೀರಿಕೊಂಡ ವರ್ಷ. ‘ಚೋಮನ ದುಡಿ’ ೧೯೩೩ರ ಪುಸ್ತಕ. ಆದರೆ ಶಿವರಾಮ ಕಾರಂತರು ೧೯೯೭ರವರೆಗೆ ಬಾಳಿದರು. ಆದ್ದರಿಂದ ಅದರ ಹಕ್ಕು ೨೦೫೭ರ ಕೊನೆಯವರೆಗೆ ಇದೆ. ಕುವೆಂಪು ಅವರದು ೨೦೫೪ರ ವರೆಗೆ, ಮಾಸ್ತಿಯವರದು ೨೦೪೬ರ ವರೆಗೆ, ಅ. ನ. ಕೃಷ್ಣರಾಯರದು ೨೦೩೧ರ ವರೆಗೆ. ಇದೇ ಜಿಲ್ಲೆಯ ಗೋಕಾಕ ಸೀಮೆಯವರಾದ ಬಸವರಾಜ ಕಟ್ಟೀಮನಿಯವರು ೧೯೮೯ರಲ್ಲಿ ತೀರಿಕೊಂಡರು. ಅವರ ಕಾದಂಬರಿಗಳಿಗೆ ೨೦೪೯ರ ವರೆಗೆ ರಕ್ಷಣೆಯುಂಟು. ಅಂತರ್ಜಾಲದ ಗ್ರಂಥಾಗಾರದಲ್ಲಿ ಇವರ ಪುಸ್ತಕ ಕಣ್ಣಿಗೆ ಬಿದ್ದಿತೆಂದ ಮಾತ್ರಕ್ಕೆ ಅದು ಮುಕ್ತವಾಯಿತೆಂದು ತಿಳಿಯಬಾರದು. ಹಳೆಯ ಯೋಜನೆಯಲ್ಲಿ ಸ್ಕ್ಯಾನ್ ಮಾಡುವಾಗ ಹಕ್ಕಿರುವ ಪುಸ್ತಕಗಳೂ ಸೇರಿಹೋಗಿವೆ.

ಇನ್ನೊಂದು ಪಕ್ಕದಲ್ಲಿ, ಎಲ್ಲರಿಗೂ ಸೇರಿದ ಕಾದಂಬರಿಗಳ ರಾಶಿಯೇ ಇದೆ, ಮತ್ತು ಅದನ್ನು ಬಳಸುವವರು ಕಡಿಮೆ. ಕನ್ನಡದ ಮೊದಲ ಸಾಮಾಜಿಕ ಕಾದಂಬರಿಯೆಂದು ಹೆಸರಾದ ಗುಲ್ವಾಡಿ ವೆಂಕಟರಾಯರ ‘ಇಂದಿರಾಬಾಯಿ’ (೧೮೯೯), ಕೆರೂರ ವಾಸುದೇವಾಚಾರ್ಯರ ‘ಇಂದಿರೆ’, ಎಂ. ಎಸ್. ಪುಟ್ಟಣ್ಣನವರ ‘ಮಾಡಿದ್ದುಣ್ಣೋ ಮಹಾರಾಯ’ (೧೯೧೫), ಬಿ. ವೆಂಕಟಾಚಾರ್ಯರು ಬಂಗಾಲಿಯಿಂದ ತಂದ ಕೃತಿಗಳು ಇವೆಲ್ಲ ಬಹುಕಾಲದಿಂದ ಮುಕ್ತ. ೧೯೪೨ರಲ್ಲಿ ತೀರಿಕೊಂಡ ಗಳಗನಾಥರ ಕಾದಂಬರಿಗಳು ೨೦೦೩ರಿಂದ ಮುಕ್ತವಾಗಿವೆ. ಪುಸ್ತಕದ ಗಂಟನ್ನು ತಲೆಯ ಮೇಲೆ ಹೊತ್ತು ಊರೂರು ತಿರುಗಿ ಉತ್ತರ ಕರ್ನಾಟಕಕ್ಕೆ ಓದುವ ಹವ್ಯಾಸ ಹಚ್ಚಿದ ಆ ಮಹನೀಯರ ಪುಸ್ತಕಗಳು ಈಗ ಹೊರುವವರಿಲ್ಲದೆಯೂ ಊರೂರಿಗೆ ಹೋಗಬಲ್ಲವು, ಯಾರಾದರೂ ಕಳುಹಬೇಕಷ್ಟೆ. ೧೯೬೨ರಲ್ಲಿ ತೀರಿಕೊಂಡ ದೇವುಡು ನರಸಿಂಹಶಾಸ್ತ್ರಿಗಳ ‘ಮಹಾಬ್ರಾಹ್ಮಣ’ ೨೦೨೩ರಲ್ಲಿಯೂ, ೧೯೬೩ರಲ್ಲಿ ಎಳೆಯ ವಯಸ್ಸಿನಲ್ಲಿಯೇ ಅಗಲಿದ ತ್ರಿವೇಣಿಯವರ ‘ಅಪಸ್ವರ’, ‘ಬೆಕ್ಕಿನ ಕಣ್ಣು’ ೨೦೨೪ರಲ್ಲಿಯೂ ಮುಕ್ತವಾದವು. ೧೯೬೪ರಲ್ಲಿ ಲಿಂಗೈಕ್ಯರಾದ ಹಳಕಟ್ಟಿಯವರು ತಮ್ಮ ಜೀವಿತದಲ್ಲಿ ಪ್ರಕಟಿಸಿದ ಬರಹಗಳು ೨೦೨೫ರ ಜನವರಿ ೧ರಿಂದ ಎಲ್ಲರವೂ ಆದವು. ಲೇಖಕರು ತೀರಿದ ಮೇಲೆ ಮೊದಲ ಸಲ ಪ್ರಕಟವಾದ ಕೃತಿಗಾದರೋ ಎಣಿಕೆಯು ಪ್ರಕಟಣೆಯ ವರ್ಷದಿಂದ ನಡೆಯುತ್ತದೆ. ಹಾಗೆಯೇ ಮುಕ್ತವಾದ ಕೃತಿಯ ಹೊಸ ಮುದ್ರಣದಲ್ಲಿ ಸಂಪಾದಕರು ಬರೆದ ಪ್ರಸ್ತಾವನೆ, ಟಿಪ್ಪಣಿ, ಮುಖಪುಟದ ಚಿತ್ರಗಳಿಗೆ ಬೇರೆ ಹಕ್ಕಿರುತ್ತದೆ. ಅನುವಾದಕ್ಕೆ ಅನುವಾದಕರ ಹಕ್ಕು ಪ್ರತ್ಯೇಕ. ಹಳೆಯ ಮುದ್ರಣದಿಂದಲೇ ಪ್ರತಿ ಮಾಡುವದು ಲೇಸು.

ಹಕ್ಕು ಉಳಿದಿರುವ ಕಾದಂಬರಿಯೇ ಪಠ್ಯವಾದರೆ? ಕಾಯಿದೆಯ ೫೨ನೆಯ ಕಲಮು ಬೋಧನೆಯ ಕ್ರಮದಲ್ಲಿ ಅಧ್ಯಾಪಕನಾಗಲಿ ವಿದ್ಯಾರ್ಥಿಯಾಗಲಿ ಪ್ರತಿ ಮಾಡಿಕೊಳ್ಳುವದಕ್ಕೆ ಅವಕಾಶ ಕೊಟ್ಟಿದೆ. ದಿಲ್ಲಿ ವಿಶ್ವವಿದ್ಯಾಲಯದ ಆವರಣದ ಝೆರಾಕ್ಸ್ ಅಂಗಡಿಯೊಂದರ ಮೇಲೆ ದೊಡ್ಡ ಪ್ರಕಾಶನ ಸಂಸ್ಥೆಗಳು ಹೂಡಿದ ದಾವೆಯಲ್ಲಿ ದಿಲ್ಲಿಯ ಉಚ್ಚ ನ್ಯಾಯಾಲಯವು ೨೦೧೬ರಲ್ಲಿ ಈ ಅವಕಾಶವನ್ನು ಉದಾರವಾಗಿ ಅರ್ಥೈಸಿತು. ಅಲ್ಲಿಯ ವಿವಾದವು ಹಲವು ಗ್ರಂಥಗಳಿಂದ ಆಯ್ದ ಭಾಗಗಳನ್ನು ಕೂಡಿಸಿದ ಸಂಕಲನಗಳದು. ತರಗತಿಯ ಪಾಠಕ್ಕಾಗಿ ಒಂದು ಅಧ್ಯಾಯವನ್ನು ಪ್ರತಿ ಮಾಡುವದು ಬೇರೆ. ಇಡೀ ಕಾದಂಬರಿಯನ್ನು ಊರಿನ ಗುಂಪುಗಳಿಗೆಲ್ಲ ತೇಲಿಬಿಡುವದು ಬೇರೆ. ಎರಡನೆಯದಕ್ಕೆ ಬೋಧನೆಯ ಹೆಸರು ಸಾಲದು. ಅಂಧರು ಮೊದಲಾದ ವಿಕಲಚೇತನ ಓದುಗರಿಗೆ ಅವರು ಓದಬಲ್ಲ ರೂಪದಲ್ಲಿ ಪ್ರತಿ ಮಾಡಿಕೊಡುವದಕ್ಕೆ ೨೦೧೨ರ ತಿದ್ದುಪಡಿಯು ಸ್ಪಷ್ಟವಾದ ಅನುಮತಿ ಕೊಟ್ಟಿದೆ. ಇದನ್ನು ಬಲ್ಲ ಶಾಲೆಗಳು ತೀರ ಕಡಿಮೆ. ಲಾಭದ ಉದ್ದೇಶವಿಲ್ಲದ ಸಾರ್ವಜನಿಕ ಗ್ರಂಥಾಲಯವು ತನ್ನಲ್ಲಿರುವ ಪುಸ್ತಕವನ್ನು ಸಂರಕ್ಷಣೆಗಾಗಿ ಗಣಕದಲ್ಲಿ ಇಟ್ಟುಕೊಳ್ಳಬಹುದು. ದೇಶದಲ್ಲಿ ಮಾರಾಟಕ್ಕೆ ಸಿಗದ ಪುಸ್ತಕವಾದರೆ ತನ್ನ ಬಳಕೆಗೆ ಮೂರು ಪ್ರತಿಗಳವರೆಗೆ ಮಾಡಿಸಿಕೊಳ್ಳಬಹುದು.

ಕಾಯಿದೆಯ ಆಚೆಗೂ ಒಂದು ವಿಚಾರವಿದೆ. ಕನ್ನಡದ ಕಾದಂಬರಿಯು ಒಂದು ಮುದ್ರಣಕ್ಕೆ ಸಾಮಾನ್ಯವಾಗಿ ಅಚ್ಚಾಗುವದು ಸಾವಿರ ಪ್ರತಿಗಳ ಆಸುಪಾಸಿನಲ್ಲಿ. ಅದು ಪಠ್ಯವಾದ ವರ್ಷವೇ ಲೇಖಕನಿಗೆ ನಾಲ್ಕು ಕಾಸು ಕೈಗೆ ಬರುವ ವರ್ಷ. ಸಣ್ಣ ಪ್ರಕಾಶಕನು ಮುಂದಿನ ಪುಸ್ತಕಕ್ಕೆ ಕಾಗದ ಕೊಳ್ಳುವದು ಆ ಹಣದಿಂದ. ಅದೇ ವರ್ಷ ಕದ್ದ ಪ್ರತಿಯೊಂದು ಎಲ್ಲರ ಫೋನಿಗೆ ಹೋದರೆ ಪೆಟ್ಟು ಬೀಳುವದು ದೂರದ ಯಾವದೋ ಕಂಪನಿಗಲ್ಲ. ದಾಸೋಹದ ಪಂಕ್ತಿಯಲ್ಲಿ ಬಡಿಸುವ ಅನ್ನವು ಭಕ್ತರು ತಮ್ಮದನ್ನು ತಂದು ಕೊಟ್ಟದ್ದು. ಪಕ್ಕದ ಮನೆಯವನ ಕಣಜದಿಂದ ಹೇಳದೆ ತಂದು ಬಡಿಸಿದರೆ ಅದನ್ನು ದಾಸೋಹವೆಂದು ಯಾವ ಮಠವೂ ಕರೆಯಲಾರದು. ತಮಿಳುನಾಡಿನಲ್ಲಿ ಸರ್ಕಾರವೇ ಅನೇಕ ಸಾಹಿತಿಗಳ ವಾರಸುದಾರರಿಗೆ ಗೌರವಧನವಿತ್ತು ಅವರ ಕೃತಿಗಳನ್ನು ನಾಡಿನ ಸ್ವತ್ತನ್ನಾಗಿ ಮಾಡಿದೆ. ಕೊಟ್ಟು ಪಡೆಯುವ ಆ ಕ್ರಮವು ಮೆಚ್ಚತಕ್ಕದ್ದು. ಕರ್ನಾಟಕವೂ ಪಠ್ಯವಾಗುವ ಕಾದಂಬರಿಗಳ ಮಟ್ಟಿಗಾದರೂ ಅದನ್ನು ವಿಚಾರಿಸಬಹುದಾಗಿದೆ.

ಅಲ್ಲಿಯವರೆಗೆ ಶಾಲೆಗಳು ಏನು ಮಾಡಬೇಕು? ಕೊಳ್ಳಲು ಸಿಗುವದನ್ನು ಕೊಳ್ಳಬೇಕು. ದಾನಿಗಳು ಪಂಖ, ಗಡಿಯಾರ, ಬಾಂಕುಗಳನ್ನು ಹೆಸರು ಬರೆಯಿಸಿ ಕೊಡುವಂತೆ ಪಠ್ಯ ಕಾದಂಬರಿಯ ಮೂವತ್ತು ಪ್ರತಿಗಳನ್ನು ಕೊಟ್ಟರೆ, ವರ್ಷದ ಕೊನೆಗೆ ಮರಳಿ ಪಡೆದು ಮುಂದಿನ ತಂಡಕ್ಕೆ ಕೊಡಬಹುದು. ಐದಾರು ವರ್ಷ ಬಾಳುತ್ತವೆ. ಮೈಲ್ಯಾಂಗ್, ಋತುಮಾನ ಮುಂತಾದವರು ಬೆಲೆಗೆ ಕೊಡುವ ಇ-ಪುಸ್ತಕಗಳೂ ಬಂದಿವೆ. ಅವು ಲೇಖಕರಿಗೂ ಪಾಲು ಮುಟ್ಟಿಸುವ ದಾರಿ. ಮುದ್ರಣವೇ ಮುಗಿದುಹೋದ ಪುಸ್ತಕವಾದರೆ ಲೇಖಕರಿಗೋ ಅವರ ಮನೆಯವರಿಗೋ ಒಂದು ಪತ್ರ ಬರೆದು ಅನುಮತಿ ಕೇಳಬೇಕು. ಶಾಲೆಯ ಮಕ್ಕಳಿಗೆಂದು ವಿನಯದಿಂದ ಕೇಳಿದರೆ ಇಲ್ಲವೆನ್ನುವ ಸಾಹಿತಿಗಳು ಕನ್ನಡದಲ್ಲಿ ಬಹಳಿಲ್ಲ.

ಒಂದೇ ಪ್ರತಿ ಇದ್ದರೂ ದಾರಿಯಿದೆ, ಮತ್ತು ಅದು ಮಠದ ಪರಿಸರದವರಿಗೆ ಹೊಸದಲ್ಲ. ಶ್ರಾವಣಮಾಸದಲ್ಲಿ ಪುರಾಣ ಹಚ್ಚಿದಾಗ ಪುಸ್ತಕ ಒಂದು, ಓದುವವರು ಒಬ್ಬರು, ಕೇಳುವವರು ಊರಿಗೆ ಊರೇ. ವಾರಕ್ಕೆ ಎರಡು ತಾಸು ಅಧ್ಯಾಪಕರು ಕಾದಂಬರಿಯನ್ನು ತರಗತಿಯಲ್ಲಿ ಗಟ್ಟಿಯಾಗಿ ಓದಿದರೆ ಇನ್ನೂರು ಪುಟದ ಕೃತಿ ಒಂದು ಅವಧಿಯೊಳಗೆ ಮುಗಿಯುತ್ತದೆ. ದಕ್ಷಿಣ ಕನ್ನಡದ, ಮಲೆನಾಡಿನ ಮಾತುಗಳು ಬಂದಾಗ ಅಥಣಿಯ ಕಡೆಯ ಮಕ್ಕಳಿಗೆ ಅಲ್ಲಲ್ಲಿಯೇ ಬಿಡಿಸಿ ಹೇಳಲೂ ಬರುತ್ತದೆ. ಸಾರಾಂಶದ ಗೈಡಿಗೆ ಇದರಷ್ಟು ಬಲವಾದ ಎದುರಾಳಿ ಮತ್ತೊಂದಿಲ್ಲ.

ಮುಕ್ತವಾದ ಹಳೆಯ ಕಾದಂಬರಿಗಳ ವಿಷಯದಲ್ಲಂತೂ ಶಾಲೆಯು ಪಡೆಯುವವರ ಸಾಲಿನಿಂದ ಕೊಡುವವರ ಸಾಲಿಗೆ ಬರಬಹುದು. ಎಷ್ಟೋ ಹಳೆಯ ಮುದ್ರಣಗಳು ದೊಡ್ಡ ಗ್ರಂಥಾಲಯಗಳಲ್ಲಿ ಇಲ್ಲ. ಹಳ್ಳಿಯ ವಾಡೆಗಳ ಅಟ್ಟದ ಮೇಲೆ, ನಿವೃತ್ತ ಶಿಕ್ಷಕರ ಪೆಟ್ಟಿಗೆಗಳಲ್ಲಿ ಇವೆ, ಗೆದ್ದಲಿಗೆ ಆಹಾರವಾಗುತ್ತಿವೆ. ಅವುಗಳನ್ನು ಸ್ಕ್ಯಾನ್ ಮಾಡಲು ದುಬಾರಿ ಯಂತ್ರವೇ ಬೇಕೆಂದಿಲ್ಲ. ಒಳ್ಳೆಯ ಬೆಳಕು, ಪುಸ್ತಕವನ್ನು ಅಲುಗದಂತೆ ಹಿಡಿಯುವ ಒಂದು ತೊಟ್ಟಿಲು, ಮೇಲೆ ಸ್ಥಿರವಾಗಿ ನಿಲ್ಲಿಸಿದ ಕ್ಯಾಮೆರಾ ಇದ್ದರೆ ಸಾಕು. ಅಂಗುಲ ಒಂದಕ್ಕೆ ೩೦೦ ಬಿಂದುಗಳಿಗೆ ಕಡಿಮೆಯಾಗದಂತೆ ನೋಡಿಕೊಂಡರೆ ಒತ್ತಕ್ಷರಗಳು ಸ್ಪಷ್ಟವಾಗಿ ಬರುತ್ತವೆ. ಮುಖಪುಟದಿಂದ ಹಿಡಿದು ಕೊನೆಯ ಒಪ್ಪೋಲೆಯವರೆಗೆ ಒಂದು ಪುಟವನ್ನೂ ಬಿಡಬಾರದು. ಆಮೇಲೆ ಹತ್ತು ಹತ್ತು ಪುಟಗಳನ್ನು ವಿದ್ಯಾರ್ಥಿಗಳಿಗೆ ಹಂಚಿ, ಯಂತ್ರವು ಓದಿದ ಅಕ್ಷರಗಳನ್ನು ಮೂಲದೊಂದಿಗೆ ಹೋಲಿಸಿ ತಿದ್ದಿಸಿದರೆ, ಕಾಗುಣಿತಕ್ಕೂ ಒತ್ತಕ್ಷರಕ್ಕೂ ಅದಕ್ಕಿಂತ ಒಳ್ಳೆಯ ಅಭ್ಯಾಸ ಸಿಗಲಾರದು.

ಹೊರನಾಡಿನಲ್ಲಿ ನೆಲೆಸಿದ ಹಳೆಯ ವಿದ್ಯಾರ್ಥಿಗಳು ಜಾತ್ರೆಗೆ ಊರಿಗೆ ಬಂದಾಗ ಅಟ್ಟವನ್ನೊಮ್ಮೆ ಹತ್ತಿ ನೋಡಬೇಕು. ರಟ್ಟು ಹರಿದಿದೆಯೆಂದು, ಹುಳ ತಿಂದಿದೆಯೆಂದು ಯಾವದನ್ನೂ ರದ್ದಿಗೆ ಹಾಕದೆ ಶಾಲೆಗೆ ತಂದು ತೋರಿಸಬೇಕು. ಪ್ರತಿ ಸಿದ್ಧವಾದ ಮೇಲೆ ಕಡತಕ್ಕೆ ಕನ್ನಡ ಲಿಪಿಯಲ್ಲಿಯೇ ಹೆಸರಿಡಬೇಕು: ಕೃತಿ, ಕರ್ತೃ, ಮುದ್ರಣದ ವರ್ಷ, ಪುಸ್ತಕ ಯಾರ ಮನೆಯದು, ಸ್ಕ್ಯಾನ್ ಮಾಡಿದವರು ಯಾರು, ತಿದ್ದಿದವರು ಯಾರು, ಯಾವ ಪುಟಗಳು ಮೂಲದಲ್ಲಿಯೇ ಇರಲಿಲ್ಲ. ಹಳೆಯ ಲಿಪಿಕಾರನು ಓಲೆಯ ಕಟ್ಟಿನ ಕೊನೆಗರಿಯ ಮೇಲೆ ಸಂವತ್ಸರ, ತಿಥಿ, ತನ್ನ ಹೆಸರು, ಬರೆಯಿಸಿದವರ ಹೆಸರುಗಳನ್ನು ಕೊರೆದು, ತಪ್ಪಿದ್ದರೆ ಬಲ್ಲವರು ತಿದ್ದಿಕೊಳ್ಳಬೇಕೆಂದು ಕೇಳಿಕೊಂಡು ಕಟ್ಟು ಕಟ್ಟುತ್ತಿದ್ದನು.